ಎಪ್ಪತ್ತೆರಡು ಫ್ರೇಮುಗಳ ಕತ್ತಲು

ವೇದವತಿ ಸಿನಿಮಾದಲ್ಲಿದ್ದಾಳೆ ಎಂಬ ಸುದ್ದಿ ಬೇ ಏರಿಯಾದ ಕನ್ನಡದವರ ನಡುವೆ ಹಬ್ಬಲು ಒಂದು ಯುಗಾದಿ ಊಟ ಸಾಕಾಯಿತು. ಸರಟೋಗಾದ ಡಾಕ್ಟರೊಬ್ಬರ ಮನೆಯಲ್ಲಿ ಒಬ್ಬಟ್ಟು ಬಡಿಸುತ್ತಿದ್ದಾಗ ಯಾರೋ ಈಗ ಎಲ್ಲಿ ಕೆಲಸ ಎಂದು ಕೇಳಿದರು. ಎಮೆರಿವಿಲ್‌ನಲ್ಲಿ ಒಂದು ಫಿಲ್ಮ್ ಲ್ಯಾಬು ಎಂದು ಇವಳು ಹೇಳಿದಳು, ಅಷ್ಟೇ. ತುಪ್ಪ ಎರಡನೇ ಸುತ್ತು ಬರುವಷ್ಟರಲ್ಲಿ ಹೆಂಗಸರು ಅವಳ ಸೀರೆಯನ್ನು ಹೊಸ ಕಣ್ಣಿನಿಂದ ನೋಡತೊಡಗಿದ್ದರು. ಯಾವ ಹೀರೋನ ಹತ್ತಿರದಿಂದ ನೋಡಿದ್ದೀರಿ ಎಂದು ಒಬ್ಬರು, ಮೇಕಪ್ಪಿಲ್ಲದೆ ಅವರೆಲ್ಲ ಹೇಗಿರ್ತಾರೆ ಎಂದು ಇನ್ನೊಬ್ಬರು. ವೇದವತಿ ಹೀರೋಗಳನ್ನು ನೋಡಿರಲಿಲ್ಲ. ಅವಳು ದಿನವೂ ನೋಡುತ್ತಿದ್ದದ್ದು ಫಿಲ್ಮಿನ ಅಂಚಿನಲ್ಲಿ ಅಚ್ಚಾದ ನಂಬರುಗಳನ್ನು.

ಅವಳು ನೆಗೆಟಿವ್ ಕಟ್ಟರ್. ಸಿನಿಮಾ ತೆಗೆದವರು ಮೊದಲು ಒಂದು ಅಗ್ಗದ ಪ್ರತಿ ಹಾಕಿಸಿಕೊಂಡು ಅದನ್ನು ಮನಸ್ಸಿಗೆ ಬಂದಂತೆ ಕತ್ತರಿಸಿ, ಅಂಟಿಸಿ, ಬೇಡವೆಂದು ಬಿಚ್ಚಿ, ಮತ್ತೆ ಅಂಟಿಸಿ ಹಿಂಸೆ ಕೊಡಬಹುದು. ಕ್ಯಾಮೆರಾದೊಳಗೆ ಓಡಿದ ಅಸಲು ನೆಗೆಟಿವ್ ಮಾತ್ರ ಒಂದೇ ಇರುತ್ತದೆ. ಎಲ್ಲ ತೀರ್ಮಾನವಾದ ಮೇಲೆ ಅದನ್ನು ಆ ಪ್ರತಿಗೆ ತಕ್ಕಂತೆ, ಅಂಚಿನ ನಂಬರುಗಳನ್ನು ತಾಳೆ ನೋಡಿ ಕತ್ತರಿಸಿ ಜೋಡಿಸುವುದು ಇವಳ ಕೆಲಸ. ಬಿಳಿ ಹತ್ತಿಯ ಕೈಗವಸು ತೊಟ್ಟು, ಉಸಿರು ಬಿಗಿಹಿಡಿದು ಮಾಡುವ ಕೆಲಸ. ಒಂದು ಕಡೆ ಕತ್ತರಿಸಿದರೆ ಪಕ್ಕದ ಒಂದು ಫ್ರೇಮು, ಅಂದರೆ ಒಂದು ಇಡೀ ಚಿತ್ರ, ಅಂಟಿಗೆ ಹೋಗಿಯೇ ಹೋಗುತ್ತದೆ, ಅದು ಮತ್ತೆ ಬರುವುದಿಲ್ಲ. ಲ್ಯಾಬಿನ ಒಡತಿ ಡೊರೊತಿ ಮೊದಲ ದಿನವೇ ಹೇಳಿಕೊಟ್ಟಿದ್ದಳು: ಚಿತ್ರ ನೋಡಬೇಡ, ನಂಬರ್ ನೋಡು, ಚಿತ್ರ ನೋಡಿದರೆ ಮನಸ್ಸು ಕಥೆಯ ಹಿಂದೆ ಹೋಗುತ್ತದೆ, ಕತ್ತರಿ ಎಲ್ಲಿಗೋ ಹೋಗುತ್ತದೆ. ಇಷ್ಟನ್ನೆಲ್ಲ ಒಬ್ಬಟ್ಟಿನ ಪಂಕ್ತಿಯಲ್ಲಿ ಯಾರಿಗೆ ವಿವರಿಸುವುದು? ಪೇಪರ್ ಕಟಿಂಗ್ ತರಹ ಎಂದು ಹೇಳಿ ಅವಳು ಎಲೆಯ ಕಡೆ ತಿರುಗಿದಳು.

ಆ ಕೈ ಅವಳಿಗೆ ಹಾಸನದಿಂದ ಬಂದದ್ದು. ತಂದೆ ಬಸ್ ಸ್ಟ್ಯಾಂಡಿನ ಎದುರು ಗಡಿಯಾರ ರಿಪೇರಿ ಅಂಗಡಿ ಇಟ್ಟುಕೊಂಡಿದ್ದರು. ಶಾಲೆ ಬಿಟ್ಟ ಮೇಲೆ ಮಗಳನ್ನು ಪಕ್ಕದ ಸ್ಟೂಲಿನಲ್ಲಿ ಕೂರಿಸಿಕೊಂಡು, ಒಂದು ಕಣ್ಣಿಗೆ ಭೂತಗನ್ನಡಿ ಸಿಕ್ಕಿಸಿ, ಸಾಸಿವೆಗಿಂತ ಚಿಕ್ಕ ತಿರುಪುಗಳನ್ನು ಚಿಮಟದಲ್ಲಿ ಎತ್ತಿಕೊಡಲು ಹೇಳುತ್ತಿದ್ದರು. ಹುಡುಗಿಯ ಕೈ ನಡುಗುವುದಿಲ್ಲ ಎಂದು ಗಿರಾಕಿಗಳ ಮುಂದೆ ಹೇಳಿಕೊಳ್ಳುವುದು ಅವರಿಗೊಂದು ಸಂಭ್ರಮ. ಮದುವೆಯಾಗಿ, ಡ್ರಾಫ್ಟ್ಸ್‌ಮನ್ ಕೆಲಸದ ತಿರುಮಲೇಶನ ಜೊತೆ ನೆವಾರ್ಕ್‌ಗೆ ಬಂದ ಮೇಲೆ ಅದೇ ಕೈ ಅನ್ನ ಹಾಕಿತು. ಡಂಬಾರ್ಟನ್ ಸೇತುವೆ ದಾಟಿ ಹೋಗಿ, ಸೂಕ್ಷ್ಮದರ್ಶಕದ ಕೆಳಗೆ ಕಂಪ್ಯೂಟರ್ ಚಿಪ್ಪುಗಳಿಗೆ ಕೂದಲಿಗಿಂತ ತೆಳ್ಳನೆಯ ಬಂಗಾರದ ತಂತಿ ಕೂರಿಸುವ ಕೆಲಸವನ್ನು ಐದು ವರ್ಷ ಮಾಡಿದಳು. ಎಂಬತ್ತೈದರಲ್ಲಿ ಚಿಪ್ಪಿನ ವ್ಯಾಪಾರ ಕುಸಿದು, ಒಂದು ಶುಕ್ರವಾರ ಮೂವತ್ತು ಹೆಂಗಸರನ್ನು ಒಟ್ಟಿಗೆ ಮನೆಗೆ ಕಳಿಸಿದರು. ಆಮೇಲೆ ಸಿಕ್ಕಿದ್ದು ಡೊರೊತಿಯ ಲ್ಯಾಬು. ಅಲ್ಲಿ ನಾಲ್ಕು ವರ್ಷದಲ್ಲಿ ಅವಳ ಕೈಯಿಂದ ಒಂದು ಗೀರು ಬಿದ್ದಿರಲಿಲ್ಲ. ಅವಳಿಗೆ ಇದರ ಬಗ್ಗೆ ಹೆಮ್ಮೆ ಇತ್ತು, ಸ್ವಲ್ಪ ಜಾಸ್ತಿಯೇ ಇತ್ತು.

ಶೆನ್ ಯಾವೊಲಿನ್ ಆ ಲ್ಯಾಬಿಗೆ ಬಂದದ್ದು ಎಂಬತ್ತೊಂಬತ್ತರ ಮೇ ತಿಂಗಳಲ್ಲಿ. ಮೂವತ್ತೈದರ ಆಸುಪಾಸಿನ ಚೀನೀಯ. ಬರ್ಕ್ಲಿಯಲ್ಲಿ ಸಿನಿಮಾ ಓದುತ್ತಿದ್ದ, ಹೊಟ್ಟೆಪಾಡಿಗೆ ಜೆರಾಕ್ಸ್ ಅಂಗಡಿಯಲ್ಲಿ ನಿಲ್ಲುತ್ತಿದ್ದ. ಹಿಂದಿನ ವರ್ಷ ತನ್ನ ಊರಿಗೆ ಹೋಗಿ, ಎರವಲು ಕ್ಯಾಮೆರಾದಲ್ಲಿ ಒಂದು ಕಪ್ಪು-ಬಿಳುಪು ಸಿನಿಮಾ ತೆಗೆದುಕೊಂಡು ಬಂದಿದ್ದ. ಅದರಲ್ಲಿ ಕಥೆ ಇಲ್ಲ, ಹಾಡಿಲ್ಲ. ಊರಿನ ಹಲವು ಜನರನ್ನು ಅವರವರ ಮನೆ ಬಾಗಿಲಲ್ಲಿ, ಅಂಗಡಿಯಲ್ಲಿ, ಕಾರ್ಖಾನೆ ಗೇಟಿನಲ್ಲಿ ನಿಲ್ಲಿಸಿ ಒಂದೇ ಪ್ರಶ್ನೆ ಕೇಳಿದ್ದ. ಸುಳ್ಳೆಂದು ಗೊತ್ತಿದ್ದೂ ಎಲ್ಲರ ಜೊತೆ ಸೇರಿ ನೀವು ಹೌದು ಎಂದದ್ದು ಯಾವಾಗ? ಸಿನಿಮಾದ ಹೆಸರೇ ‘ಹೌದು ಎಂದವರು’.

ಇದೆಂಥ ಪ್ರಶ್ನೆ ಎಂದು ವೇದವತಿಗೆ ಅನ್ನಿಸಿತು. ಮನೆಗೆ ಬಂದವರನ್ನು ಇಂಥದ್ದು ಕೇಳಿದರೆ ಕಾಫಿ ಕುಡಿಯದೆ ಎದ್ದು ಹೋಗುತ್ತಾರೆ. ಆದರೂ ಅವರೆಲ್ಲ ಉತ್ತರ ಕೊಟ್ಟಿದ್ದರಂತೆ. ಕಟುಕನೊಬ್ಬ, ದಿನವೂ ಹೇಳ್ತೀನಿ, ಮಾಂಸ ತಾಜಾ ಇದೆ ಅಂತ ಎಂದಿದ್ದನಂತೆ. ಒಬ್ಬ ಶಾಲಾ ಮೇಷ್ಟ್ರು ಮಾತ್ರ ಹನ್ನೊಂದು ನಿಮಿಷ ಮಾತಾಡಿದ್ದರು. ತಮ್ಮ ಇಪ್ಪತ್ತೆಂಟನೆಯ ವಯಸ್ಸಿನಲ್ಲಿ, ತುಂಬಿದ ಸಭೆಯಲ್ಲಿ, ತಮಗೆ ಅಕ್ಷರ ಕಲಿಸಿದ ಗುರುವನ್ನೇ ದ್ರೋಹಿ ಎಂದು ಕೂಗುವವರ ಜೊತೆ ಸೇರಿ ಕೈ ಎತ್ತಿದ್ದರು. ಆ ಗುರು ಹೆಚ್ಚು ದಿನ ಉಳಿಯಲಿಲ್ಲ. ಕೈ ಎತ್ತಿಸುವವರು ಈಗಲೂ ಇದ್ದಾರೆ, ಎತ್ತುವ ನಾವೂ ಇದ್ದೇವೆ ಎಂದು ಮೇಷ್ಟ್ರು ಕ್ಯಾಮೆರಾವನ್ನೇ ನೋಡಿ ಹೇಳಿದ್ದರು. ಇದನ್ನು ಶೆನ್ ವಿವರಿಸುವಾಗ ವೇದವತಿ ಕೈಗವಸು ತೆಗೆದು ಕೇಳಿಸಿಕೊಂಡಳು. ಇಬ್ಬರದೂ ಶಾಲೆಯಲ್ಲಿ ಕಲಿತ ಇಂಗ್ಲಿಷು, ಆದ್ದರಿಂದ ಒಬ್ಬರದು ಇನ್ನೊಬ್ಬರಿಗೆ ಸಲೀಸಾಗಿ ಅರ್ಥವಾಗುತ್ತಿತ್ತು.

ಮೇ ಮುಗಿಯುವಷ್ಟರಲ್ಲಿ ಅವಳು ಮೇಷ್ಟ್ರ ಭಾಗವನ್ನೂ ಸೇರಿಸಿ ಅರ್ಧ ನೆಗೆಟಿವ್ ಕತ್ತರಿಸಿದ್ದಳು. ಜೂನ್ ಮೊದಲ ವಾರ ಟಿವಿಯವರು ಬೀಜಿಂಗಿನಲ್ಲಿ ವಿದ್ಯಾರ್ಥಿಗಳ ಮೇಲೆ ನುಗ್ಗಿದ ಟ್ಯಾಂಕುಗಳನ್ನು ತೋರಿಸಿದ್ದೇ ತೋರಿಸಿದರು. ಶೆನ್ ಒಂದು ತಿಂಗಳು ಲ್ಯಾಬಿನ ಕಡೆ ತಲೆ ಹಾಕಲಿಲ್ಲ. ಜುಲೈನಲ್ಲಿ ಬಂದಾಗ ಗಡ್ಡ ಬಿಟ್ಟಿದ್ದ, ಕಣ್ಣು ಒಳಗೆ ಹೋಗಿದ್ದವು. ಡೊರೊತಿ ಹೊರಗೆ ಹೋದ ಸಮಯ ನೋಡಿಕೊಂಡು ಮಾತಾಡಿದ.

"ಹಾಂಗ್‌ಕಾಂಗಿನಲ್ಲಿರೋ ಚಿಕ್ಕಪ್ಪನ ಮಗನಿಂದ ಕಾಗದ ಬಂದಿದೆ. ಮೇಷ್ಟ್ರನ್ನ ಪೊಲೀಸರು ಕರೆದುಕೊಂಡು ಹೋಗಿದ್ರಂತೆ. ನನ್ನ ಬಗ್ಗೆ ಕೇಳಿದ್ರಂತೆ. ಶೆನ್ ಅನ್ನೋನನ್ನ ನಾನು ಯಾವತ್ತೂ ನೋಡೇ ಇಲ್ಲ, ಅವನ ಮನೆಗೆ ಕಾಲಿಟ್ಟಿಲ್ಲ ಅಂತ ಬರೆದು ಸಹಿ ಮಾಡಿಕೊಟ್ಟಿದ್ದಾರೆ. ಅದಕ್ಕೆ ಬಿಟ್ಟಿದ್ದಾರೆ, ಸದ್ಯಕ್ಕೆ."

"ನಿಮ್ಮ ತಾಯಿ?"

"ಅಮ್ಮನೂ ಅದೇ ಹೇಳಿದ್ದಾಳೆ. ಒಂದೇ ಊರಿನವರು, ಆದರೆ ಹೋಗಿಬರೋದು ಇಲ್ಲ ಅಂತ."

ಮೇಷ್ಟ್ರ ಹನ್ನೊಂದು ನಿಮಿಷ ಸಿನಿಮಾದಿಂದ ಹೋಗಬೇಕಿತ್ತು. ಒಂದು ಫ್ರೇಮೂ ಉಳಿಯಬಾರದು, ನಂಬರ್ ಸಾಲದು, ಮುಖ ನೋಡಿ ತೆಗೆಯಿರಿ ಎಂದು ಅವನು ಕೈಮುಗಿಯುವವನಂತೆ ಕೇಳಿದ. ಹಾಗೆ ಅವಳು ಮೊದಲ ಸಲ ಭೂತಗನ್ನಡಿ ಹಿಡಿದು ಒಂದು ಮುಖವನ್ನು ನೋಡಿದಳು. ನೆಗೆಟಿವ್‌ನಲ್ಲಿ ಎಲ್ಲವೂ ತಿರುವುಮುರುವು. ಚರ್ಮ ಕಪ್ಪು, ಕೂದಲು ಬಿಳಿ, ಹಲ್ಲು ಕಪ್ಪು. ಕನ್ನಡಕದ ಎಡಗಡೆಯ ಕಡ್ಡಿ ಮುರಿದು, ಅದನ್ನು ದಾರದಿಂದ ಕಿವಿಗೆ ಕಟ್ಟಿಕೊಂಡಿದ್ದರು. ಗಂಟಿನಿಂದ ಹೊರಬಿದ್ದ ದಾರದ ಎರಡು ತುದಿಗಳು ಕತ್ತಿನವರೆಗೆ ಇಳಿಬಿದ್ದಿದ್ದವು. ಸಿನಿಮಾಕ್ಕೆ ನಿಲ್ಲುವಾಗಲಾದರೂ ಒಂದು ಹೊಸ ಕನ್ನಡಕ ಹಾಕಿಕೊಳ್ಳಬಾರದೇ ಎಂದು ಅವಳಿಗೆ ಅನ್ನಿಸಿತು. ತೆಗೆದ ತುಂಡುಗಳನ್ನೆಲ್ಲ ಶೆನ್ ಒಂದು ಡಬ್ಬದಲ್ಲಿ ಹಾಕಿಸಿಕೊಂಡು ಹೋದ. ಅದನ್ನು ಏನು ಮಾಡಿದನೆಂದು ಹೇಳಲಿಲ್ಲ.

ಉಳಿದದ್ದನ್ನು ಕತ್ತರಿಸಿ ಮುಗಿಸಿ, ಸೆಪ್ಟೆಂಬರಿನಲ್ಲಿ ಮೊದಲ ಪ್ರಿಂಟು ಹೊರಬಂತು. ಲ್ಯಾಬಿನ ಹಿಂದೆ ಎಂಟು ಕುರ್ಚಿಗಳ ಒಂದು ಕತ್ತಲೆ ಕೋಣೆ ಇತ್ತು. ಮೊದಲ ಪ್ರಿಂಟನ್ನು ಗಿರಾಕಿ, ಒಡತಿ, ಕಟ್ಟರ್ ಮೂವರೂ ಕೂತು ನೋಡುವುದು ಪದ್ಧತಿ. ಕೊನೆಯಲ್ಲಿ ಡೊರೊತಿ ಕಟ್ಟರನ್ನು ಕಟ್ ಸರಿ ಇದೆಯೇ ಎಂದು ಕೇಳುತ್ತಾಳೆ, ಕಟ್ಟರ್ ಸರಿ ಇದೆ ಎನ್ನುತ್ತಾಳೆ, ಪ್ರಿಂಟು ಡಬ್ಬಕ್ಕೆ ಹೋಗುತ್ತದೆ. ಕಟ್ಟರ್ ಆದವಳು ಅಲ್ಲಿ ನೋಡಬೇಕಾದದ್ದು ಜೋಡಣೆ ಕುಣಿಯುತ್ತದೆಯೇ, ಧೂಳಿದೆಯೇ ಎಂಬುದನ್ನು ಮಾತ್ರ. ಚಿತ್ರದ ಬಗ್ಗೆ ಅವಳ ಅಭಿಪ್ರಾಯವನ್ನು ಯಾರೂ ಕೇಳುವುದಿಲ್ಲ, ಕೇಳದೆ ಹೇಳುವ ಹಾಗೂ ಇಲ್ಲ.

ಎರಡನೆಯ ರೀಲಿನಲ್ಲಿ ಶೆನ್‌ನ ತಾಯಿ ಬಂದಳು. ಅಂಗಳದಲ್ಲಿ ಒಂದು ತಗ್ಗು ಮಣೆಯ ಮೇಲೆ ಕೂತು ಸೊಪ್ಪು ಬಿಡಿಸುತ್ತಿದ್ದಾಳೆ. ಕ್ಯಾಮೆರಾದ ಹಿಂದಿನಿಂದ ಮಗ ಆಗಷ್ಟೇ ಅದೇ ಪ್ರಶ್ನೆ ಕೇಳಿ ಮುಗಿಸಿದ್ದಾನೆ. ಅವಳು ತಲೆ ಎತ್ತಿ ಮಗನನ್ನು ನೋಡುತ್ತಾಳೆ, ನಗುತ್ತಾಳೆ. ಉತ್ತರ ಕೊಡುವುದಿಲ್ಲ. ಶಾಟಿನ ನಾಲ್ಕು ಸೆಕೆಂಡಿನಲ್ಲಿ ಮೂರು ಬರಿಯ ನಗು. ಅರವತ್ತೈದು ವರ್ಷ ಎಷ್ಟು ಸಲ ಹೌದು ಎಂದಿರಬಹುದು ಎಂಬ ಲೆಕ್ಕ ನಾನು ಇಟ್ಟಿಲ್ಲ, ಪೆದ್ದ, ನನ್ನನ್ನು ಕೇಳುತ್ತೀಯಲ್ಲ ಎನ್ನುವಂಥ ನಗು. ವೇದವತಿಗೂ ನಗು ಬಂತು. ಅದೇ ಹೊತ್ತಿಗೆ ತಾಯಿಯ ಹೆಗಲ ಹಿಂದೆ, ಅಂಗಳದ ಬಾಗಿಲಿನಿಂದ ಒಬ್ಬ ಗಂಡಸು ಕೈಯಲ್ಲಿ ತಪ್ಪಲೆ ಹಿಡಿದು ಒಳಗೆ ಬಂದು, ಕ್ಯಾಮೆರಾ ಕಂಡು ನಿಂತುಬಿಟ್ಟ. ಎಡಗಿವಿಯ ಕೆಳಗೆ ದಾರದ ಎರಡು ತುದಿಗಳು ಜೋಲಾಡುತ್ತಿದ್ದವು. ಮುಂದಿನ ಶಾಟು ಬಂತು.

ದೀಪ ಹತ್ತಿದಾಗ ಶೆನ್ ಕನ್ನಡಕ ತೆಗೆದು ಕಣ್ಣೊರೆಸಿಕೊಳ್ಳುತ್ತಿದ್ದ. ತಾಯಿಯನ್ನು ನೋಡಿ ವರ್ಷವಾಗಿತ್ತು, ಮತ್ತೆ ಯಾವಾಗ ನೋಡುವುದೋ ಗೊತ್ತಿರಲಿಲ್ಲ.

"ಕಟ್ ಸರಿ ಇದೆಯಾ?" ಡೊರೊತಿ ಕೇಳಿದಳು.

"ಸರಿ ಇದೆ," ವೇದವತಿ ಹೇಳಿದಳು.

ಫ್ರೀಮಾಂಟಿನ ರೈಲಿನಲ್ಲಿ ಕೂತು ಅವಳು ತನಗೆ ತಾನೇ ಸಮಾಧಾನ ಹೇಳಿಕೊಂಡಳು. ಡೊರೊತಿ ಎದುರಿಗಿದ್ದಳು, ಈ ವಿಷಯ ಅವಳಿಗೆ ತಿಳಿಯಬಾರದು, ಅದಕ್ಕೇ ಹೇಳಲಿಲ್ಲ. ಆಮೇಲೆ, ಆ ಮನುಷ್ಯನನ್ನು ತಾನು ನೋಡಿದ್ದು ನೆಗೆಟಿವ್‌ನಲ್ಲಿ, ಇವನು ಬೇರೆಯವನೇ ಇರಬಹುದು. ಚೀನಾದಲ್ಲಿ ಕನ್ನಡಕ ಮುರಿಯುವುದು ಒಬ್ಬನದೇನಾ? ಸ್ಟೇಷನ್ನುಗಳು ಕಳೆದಂತೆ ಸಮಾಧಾನಗಳು ಹೆಚ್ಚುತ್ತ ಹೋದವು. ನೆಮ್ಮದಿ ಮಾತ್ರ ಬರಲಿಲ್ಲ. ಹೇವರ್ಡ್ ದಾಟಿದ ಮೇಲೆ ಅವಳಿಗೆ ನಿಜ ಗೊತ್ತಾಯಿತು. ಸರಿ ಇದೆ ಎನ್ನುವುದು ಅಭ್ಯಾಸವಾಗಿತ್ತು, ಅಷ್ಟೇ. ಅದಕ್ಕಿಂತ ದೊಡ್ಡ ಕಾರಣ ಯಾವುದೂ ಇರಲಿಲ್ಲ, ಮತ್ತು ಇದು ಅವಳಿಗೆ ತುಂಬ ನಾಚಿಕೆ ತಂದಿತು.

ಊಟಕ್ಕೆ ಕೂತಾಗ ಗಂಡನಿಗೆ ಎಲ್ಲ ಹೇಳಿದಳು. ತಿರುಮಲೇಶ ಸಾರಿನ ಅನ್ನ ಕಲಸುತ್ತ ಕೇಳಿಸಿಕೊಂಡ. ಅವನು ಕೆಟ್ಟವನಲ್ಲ, ಹೆದರುವ ಸ್ವಭಾವ.

"ನೋಡು ವೇದಾ, ನಿನ್ನ ಡ್ಯೂಟಿ ನಂಬರ್ ಮ್ಯಾಚ್ ಮಾಡೋದು. ಮಾಡಿದೀಯ. ಅವನ ಸಿನಿಮಾ, ಅವನ ಊರು, ಅವನ ಮೇಷ್ಟ್ರು. ತೆಗೆದೋನಿಗೇ ಕಾಣಿಸ್ಲಿಲ್ಲ, ನಿನಗ್ಯಾಕೆ ಇಲ್ಲದ ಉಸಾಬರಿ?"

"ಅವ್ರು ಅಮ್ಮನ್ನ ನೋಡ್ತಿದ್ರು ಕಣ್ರೀ. ಅದಕ್ಕೇ ಹಿಂದಿರೋರು ಕಾಣಿಸ್ಲಿಲ್ಲ."

"ಅದು ಮೇಷ್ಟ್ರೇ ಅಂತ ಗ್ಯಾರಂಟಿನಾ?"

"ಅನ್ಸತ್ತೆ."

"ಅನ್ಸತ್ತೆ ಅಂತ ಹೋಗಿ ಹೇಳಿದ್ರೆ, ಆ ಪಾಪದೋನು ಅಮ್ಮನ ಶಾಟ್ ತೆಗೆದು ಬಿಸಾಕ್ತಾನೆ. ಆಮೇಲೆ ಅದು ಮೇಷ್ಟ್ರು ಅಲ್ಲ ಅಂತಾದ್ರೆ?"

ಇದು ಅವಳಿಗೆ ಹೊಳೆದಿರಲಿಲ್ಲ. ಒಂಬತ್ತು ವರ್ಷದ ಮಗಳು ನಿರುಪಮಾ ಹುರುಳಿಕಾಯಿಯನ್ನು ತಟ್ಟೆಯ ಅಂಚಿಗೆ ಸರಿಸುತ್ತ ಎಲ್ಲವನ್ನೂ ಕೇಳಿಸಿಕೊಂಡಿದ್ದಳು. "ಜಸ್ಟ್ ಟೆಲ್ ಹಿಮ್, ಅಮ್ಮ. ಇಟ್ಸ್ ಹಿಸ್ ಮಾಮ್," ಎಂದಳು. ತಿರುಮಲೇಶ ಮಗಳಿಗೆ ಪಲ್ಯ ತಿನ್ನು ಎಂದು ಗದರಿದ. ಆದರೆ ಬೆಳಿಗ್ಗೆ ಹೆಂಡತಿ ಕೇಳದೆಯೇ ಒಂದು ಗಂಟೆ ಮುಂಚೆ ಕಾರು ಹೊರಡಿಸಿ ಅವಳನ್ನು ಸ್ಟೇಷನ್ನಿಗೆ ಬಿಟ್ಟ.

ಡೊರೊತಿ ಬರುವ ಮೊದಲು ವೇದವತಿ ಎರಡನೆಯ ರೀಲಿನ ನೆಗೆಟಿವ್ ತೆಗೆದು ಬೆಳಕಿನ ಮೇಜಿನ ಮೇಲೆ ಹರಡಿದಳು. ಸೆಕೆಂಡಿಗೆ ಇಪ್ಪತ್ತನಾಲ್ಕರಂತೆ ತಾಯಿಯ ಶಾಟು ತೊಂಬತ್ತಾರು ಫ್ರೇಮು. ಒಂದೊಂದನ್ನೂ ಭೂತಗನ್ನಡಿಯಲ್ಲಿ ನೋಡುತ್ತ ಹೋದಳು. ಮೊದಲ ಇಪ್ಪತ್ತಾರು ಫ್ರೇಮಿನಲ್ಲಿ ಬಾಗಿಲು ಖಾಲಿ. ಇಪ್ಪತ್ತೇಳರಲ್ಲಿ ಒಂದು ಕಾಲು. ಮೂವತ್ತರ ಹೊತ್ತಿಗೆ ಮುಖ ತಿರುಗಿತು. ಈಗ ಅದು ಅವಳಿಗೆ ಪರಿಚಯವಿದ್ದ ಮುಖ: ಕಪ್ಪು ಕೆನ್ನೆ, ಬಿಳಿ ಹುಬ್ಬು, ಕಿವಿಯ ಕೆಳಗೆ ಬೆಳ್ಳಗೆ ಹೊಳೆಯುವ ದಾರ. ಸಂಶಯಕ್ಕೆ ಜಾಗವೇ ಇರಲಿಲ್ಲ. ಶೆನ್ ಎಂಬವನನ್ನು ತಾನು ನೋಡಿಯೇ ಇಲ್ಲ ಎಂದು ಸಹಿ ಮಾಡಿದ ಮನುಷ್ಯ ಶೆನ್‌ನ ಅಂಗಳದಲ್ಲಿ, ಶೆನ್‌ನ ಕ್ಯಾಮೆರಾ ನೋಡುತ್ತ, ಕೈಯಲ್ಲಿ ತಪ್ಪಲೆ ಹಿಡಿದು ನಿಂತಿದ್ದರು. ಅವಳು ಜೆರಾಕ್ಸ್ ಅಂಗಡಿಗೆ ಫೋನ್ ಮಾಡಿದಳು.

ಮಧ್ಯಾಹ್ನ ಶೆನ್ ಬಂದ. ಭೂತಗನ್ನಡಿಯ ಮೇಲೆ ಬಗ್ಗಿದವನು ಬಹಳ ಹೊತ್ತು ತಲೆ ಎತ್ತಲಿಲ್ಲ.

"ನೂರು ಸಲ ನೋಡಿದ್ದೀನಿ ಇದನ್ನ," ಎಂದ. "ಅವರು ಸೊಪ್ಪಿನ ಗಂಜಿ ಇಸಕೊಂಡು ಹೋಗೋಕೆ ಬರ್ತಿದ್ರು. ದಿನಾ ಬರ್ತಿದ್ರು. ಅದಕ್ಕೇ ನನ್ನ ಕಣ್ಣಿಗೆ ಬೀಳಲಿಲ್ಲ."

"ನಿನ್ನೆ ನನ್ನ ಕಣ್ಣಿಗೆ ಬಿತ್ತು. ಆದ್ರೂ ಸರಿ ಇದೆ ಅಂದೆ. ತಪ್ಪಾಯ್ತು."

ಅವನು ಸ್ಟೂಲಿನ ಮೇಲೆ ಕೂತ. ತನ್ನಷ್ಟಕ್ಕೆ ಮಾತಾಡುವವನಂತೆ ಶುರುಮಾಡಿದ. "ಇಪ್ಪತ್ತೆಂಟನೇ ವಯಸ್ಸಿನಲ್ಲಿ ಅವರು ಹೇಳಿದ್ದು ಒಂದು ಸುಳ್ಳು. ಅದನ್ನ ನನ್ನ ಕ್ಯಾಮೆರಾ ಮುಂದೆ ಒಪ್ಪಿಕೊಂಡ್ರು. ಈಗ ನನಗೋಸ್ಕರ ಇನ್ನೊಂದು ಸುಳ್ಳು ಬರೆದುಕೊಟ್ಟಿದ್ದಾರೆ. ಸುಳ್ಳಿನ ಬಗ್ಗೆ ತೆಗೆದ ಸಿನಿಮಾ ಈಗ ಒಂದು ಸುಳ್ಳನ್ನ ಕಾಯಬೇಕು. ಎರಡೂ ಸುಳ್ಳೇ ಅಲ್ವಾ? ವ್ಯತ್ಯಾಸ ಏನು?"

"ಮೊದಲನೇದು ತಮ್ಮನ್ನ ಉಳಿಸಿಕೊಳ್ಳೋಕೆ ಹೇಳಿದ್ದು. ಎರಡನೇದು ನಿಮ್ಮನ್ನ, ನಿಮ್ಮ ತಾಯಿನ ಉಳಿಸೋಕೆ."

"ಅಷ್ಟು ಸುಲಭವಾಗಿದ್ದಿದ್ರೆ ನಾನು ಈ ಸಿನಿಮಾನೇ ತೆಗೀತಿರಲಿಲ್ಲ. ಎರಡನೇದು ಹೇಳಿದ್ರಿಂದ ಅವರೂ ಉಳಿದ್ರಲ್ಲ."

"ಉಳೀಲಿ ಬಿಡಿ," ವೇದವತಿ ಹೇಳಿದಳು. "ಉಳಿದ್ರೆ ಏನು ತಪ್ಪು?"

ಶೆನ್ ಅವಳನ್ನೇ ನೋಡಿದ. ಅವನಿಗೆ ಉತ್ತರ ಸಿಕ್ಕಿತೋ ಇಲ್ಲವೋ ಹೇಳಲಾಗದು. ಮುಖದ ಬಿಗಿ ಮಾತ್ರ ಸ್ವಲ್ಪ ಸಡಿಲಾಯಿತು.

ಇಡೀ ಶಾಟು ತೆಗೆದುಬಿಡಿ ಎಂದು ಅವನು ಹೇಳಿದ. ವೇದವತಿ ಬೇಡವೆಂದಳು. ಧ್ವನಿಯ ಪಟ್ಟಿ ಬೇರೆ ಸುರುಳಿಯಲ್ಲಿ ಆಗಲೇ ತಯಾರಾಗಿತ್ತು. ಚಿತ್ರದಲ್ಲಿ ನಾಲ್ಕು ಸೆಕೆಂಡು ಕಡಿಮೆ ಮಾಡಿದರೆ ಮುಂದೆ ಬರುವವರೆಲ್ಲ ತುಟಿ ಆಡಿಸುವುದೊಂದು, ಮಾತು ಕೇಳುವುದೊಂದು ಆಗುತ್ತಿತ್ತು. ಬದಲಿಗೆ ಅವಳು ಬೇರೆ ದಾರಿ ತೋರಿಸಿದಳು. ಬಾಗಿಲು ಖಾಲಿ ಇರುವ ಇಪ್ಪತ್ತನಾಲ್ಕು ಫ್ರೇಮು ಇಟ್ಟುಕೊಳ್ಳುವುದು. ಅಂಟಿಗೆ ಒಂದು ಹೋದರೂ ಕಾಲು ಬರುವ ಮೊದಲು ಒಂದು ಫ್ರೇಮು ಮಿಗುತ್ತದೆ. ಉಳಿದ ಎಪ್ಪತ್ತೆರಡರ ಜಾಗಕ್ಕೆ ಅಷ್ಟೇ ಉದ್ದದ ಕಪ್ಪು ಪಟ್ಟಿ. ತಾಯಿ ಒಂದು ಸೆಕೆಂಡು ಕಾಣಿಸುತ್ತಾಳೆ, ನಗಲು ಬಾಯಿ ತೆರೆಯುತ್ತಾಳೆ. ಆಮೇಲೆ ಮೂರು ಸೆಕೆಂಡು ಪರದೆ ಕತ್ತಲು, ನಗು ಮಾತ್ರ ಕೇಳುತ್ತದೆ.

"ಧ್ವನಿ ಇರತ್ತೆ," ಎಂದಳು. "ಅದನ್ನ ಯಾರೂ ಮುಟ್ಟಬೇಕಾಗಿಲ್ಲ."

ಡೊರೊತಿಯ ಹತ್ತಿರ ಶೆನ್ ತನಗೆ ಅಲ್ಲಿ ಕಪ್ಪು ಬೇಕೆನ್ನಿಸಿತು ಎಂದಷ್ಟೇ ಹೇಳಿದ. ಗಿರಾಕಿಗಳು ಹೀಗೆ ಮನಸ್ಸು ಬದಲಾಯಿಸುವುದು ಹೊಸದಲ್ಲ. ಎರಡು ದಿನದಲ್ಲಿ ವೇದವತಿ ಕೆಲಸ ಮುಗಿಸಿ, ಕತ್ತರಿಸಿದ ತುಂಡನ್ನು ಅವನ ಕೈಗೆ ಕೊಟ್ಟಳು. ಎರಡಡಿಗೂ ತುಸು ಕಡಿಮೆಯ ಪಟ್ಟಿ. ನನ್ನ ರೂಮಿಗೆ ಯಾರು ಯಾರೋ ಬರುತ್ತಾರೆ, ಇಟ್ಟುಕೊಳ್ಳಲಾರೆ ಎಂದು ಅವನು ಹೇಳಿದ. ಆ ಪಟ್ಟಿಯನ್ನು ಬೆಳಕಿನ ಮೇಜಿನ ಮೇಲಿಟ್ಟು ತಾಯಿಯನ್ನು ಕೊನೆಯ ಸಲ ಫ್ರೇಮು ಫ್ರೇಮಾಗಿ ನೋಡಿದ. ಅನಂತರ ತಾನೇ ಅದನ್ನು ಬ್ಲೀಚಿನ ಟ್ರೇಯಲ್ಲಿ ಅದ್ದಿದ. ಕೆಲವು ನಿಮಿಷದಲ್ಲಿ ಅಂಗಳ, ಸೊಪ್ಪು, ತಪ್ಪಲೆ, ಇಬ್ಬರ ಮುಖ ಎಲ್ಲವೂ ಕರಗಿ, ಆಚೆಗೆ ಕಾಣುವ ಖಾಲಿ ಪ್ಲಾಸ್ಟಿಕ್ ಉಳಿಯಿತು. ಮೊದಲ ಪ್ರಿಂಟಿನ ಅದೇ ತುಂಡಿಗೂ, ಅಗ್ಗದ ಪ್ರತಿಯ ತುಂಡಿಗೂ ಅದೇ ಗತಿಯಾಯಿತು. ತನ್ನ ಕೈಗೆ ಕೊಟ್ಟ ಒಂದು ಫ್ರೇಮನ್ನೂ ಕಳೆಯದ ವೇದವತಿ ಪಕ್ಕದಲ್ಲಿ ನಿಂತು ಇದನ್ನು ನೋಡಿದಳು. ಅವಳಿಗೆ ಅಳು ಬಂತು. ಬ್ಲೀಚಿನ ಘಾಟು ಎಂದು ಹೇಳುವ ಅನುಕೂಲ ಇತ್ತು, ಆದರೆ ಅವಳು ಹೇಳಲಿಲ್ಲ.

ಅಕ್ಟೋಬರಿನಲ್ಲಿ ಆಗಬೇಕಿದ್ದ ಪ್ರದರ್ಶನ ಭೂಕಂಪದ ದೆಸೆಯಿಂದ ನವೆಂಬರಿಗೆ ಹೋಯಿತು. ಒಂದು ಭಾನುವಾರ ಸಂಜೆ ಬರ್ಕ್ಲಿಯ ಒಂದು ಸಿನಿಮಾ ಹಾಲ್‌ನಲ್ಲಿ ಇನ್ನೂರು ಜನ ಸೇರಿದರು. ವೇದವತಿ ರೇಷ್ಮೆ ಸೀರೆ ಉಟ್ಟಿದ್ದಳು, ತಿರುಮಲೇಶ ಟೈ ಕಟ್ಟಿದ್ದ. ತಾಯಿಯ ಶಾಟು ಬಂತು. ಅವಳು ತಲೆ ಎತ್ತಿದಳು, ಬಾಯಿ ತೆರೆದಳು, ಪರದೆ ಕಪ್ಪಾಯಿತು. ಕತ್ತಲಲ್ಲಿ ಮುದುಕಿಯ ನಗು ಹಾಲ್ ತುಂಬ ಹರಡಿತು. ಮೂರು ಸೆಕೆಂಡು ಎಷ್ಟು ಉದ್ದ ಎಂದು ವೇದವತಿಗೆ ಅವತ್ತು ಗೊತ್ತಾಯಿತು. ಹಿಂದೆ ಎಲ್ಲೋ ಒಬ್ಬರು ಅದರ ಜೊತೆ ಸೇರಿ ನಕ್ಕರು.

ಸಿನಿಮಾ ಮುಗಿದ ಮೇಲೆ ಶೆನ್ ವೇದಿಕೆ ಹತ್ತಿ ಪ್ರಶ್ನೆಗಳಿಗೆ ನಿಂತ. ಒಬ್ಬ ಪ್ರೊಫೆಸರು ಆ ಕತ್ತಲು ಶೂನ್ಯದ ತತ್ವವೇ ಎಂದು ಕೇಳಿ, ತಾವೇ ಉತ್ತರವನ್ನೂ ಹೇಳಿ ಕೂತರು. ಜನ ಚಪ್ಪಾಳೆ ತಟ್ಟಿದರು. ಆಗ ಎರಡನೆಯ ಸಾಲಿನಲ್ಲಿ ಬೂದು ಕೋಟಿನ ಚೀನೀ ಗಂಡಸೊಬ್ಬ ಎದ್ದ. ಮೊದಲಿನಿಂದಲೂ ಅವನು ಒಂದು ಚಿಕ್ಕ ಪುಸ್ತಕದಲ್ಲಿ ಬರೆದುಕೊಳ್ಳುತ್ತಿದ್ದ. ಯಾರ ಕಡೆಯವನೋ ಯಾರಿಗೂ ಗೊತ್ತಿರಲಿಲ್ಲ.

"ಒಂದೇ ಒಂದು ಕಡೆ ಚಿತ್ರ ಇಲ್ಲ, ಧ್ವನಿ ಇದೆ," ಎಂದು ಅವನು ಬಹಳ ವಿನಯದಿಂದ ಕೇಳಿದ. "ಅಲ್ಲಿ ಏನಿತ್ತು? ಯಾರನ್ನಾದರೂ ತೆಗೆದಿದ್ದೀರಾ?"

ಶೆನ್ ಬಾಯಿ ತೆರೆದ, ಮಾತು ಹೊರಡಲಿಲ್ಲ. ಡೊರೊತಿಗೆ ಹೇಳಿದ್ದನ್ನೇ ಇಲ್ಲೂ ಹೇಳಬಹುದಿತ್ತು. ಆದರೆ ಬರೆದುಕೊಳ್ಳುವವನಿಗೆ ಅದು ಸಾಕಾಗುವ ಉತ್ತರವಲ್ಲ. ಬೇಕೆಂದೇ ಕತ್ತಲು ಮಾಡಿದೆ ಎಂದರೆ ಏನನ್ನೋ ಮುಚ್ಚಿಟ್ಟಿದ್ದಾನೆ ಎಂದು ಒಪ್ಪಿಕೊಂಡ ಹಾಗೆ. ಶೆನ್ ಮೈಕಿನ ಕಂಬವನ್ನು ಹಿಡಿದುಕೊಂಡು ನಿಂತಿದ್ದ, ಕಣ್ಣು ನೆಲದ ಮೇಲಿತ್ತು. ಅವನು ಸುಮ್ಮನಿದ್ದ ಒಂದೊಂದು ಕ್ಷಣವೂ ಉತ್ತರವಾಗುತ್ತಿದೆ ಎಂದು ವೇದವತಿಗೆ ಭಯವಾಯಿತು.

ಅವಳು ಎದ್ದು ನಿಂತಳು. ತಿರುಮಲೇಶ ಸೆರಗು ಹಿಡಿದು ಎಳೆದ, ಆಮೇಲೆ ಬಿಟ್ಟುಬಿಟ್ಟ.

"ನಾನು ಈ ಸಿನಿಮಾದ ನೆಗೆಟಿವ್ ಕಟ್ಟರ್," ಎಂದಳು. ಇನ್ನೂರು ತಲೆಗಳು ತಿರುಗಿದವು. "ಅಲ್ಲಿ ಏನೂ ಇರಲಿಲ್ಲ. ಅವರ ತಾಯಿ ನಗ್ತಿದ್ರು, ಅಷ್ಟೇ. ಆ ತುಂಡು ನನ್ನ ಕೈಯಲ್ಲಿ ಕೆಟ್ಟು ಹೋಯ್ತು. ನನ್ನ ಅಜಾಗರೂಕತೆ. ಮತ್ತೆ ತೆಗೆಯೋಕೆ ಆಗಲ್ಲ, ಅದಕ್ಕೆ ಕಪ್ಪು ಹಾಕಿದ್ದು. ಅವರು ದೊಡ್ಡ ಮನಸ್ಸಿನವರು, ನನ್ನ ಹೆಸರು ಹೇಳಬಾರದು ಅಂತ ಸುಮ್ಮನಿದ್ದಾರೆ."

ಯಾರೋ ಲೊಚಗುಟ್ಟಿದರು. ಶೂನ್ಯದ ಪ್ರೊಫೆಸರು ಅವಳನ್ನು ಸಿಟ್ಟಿನಿಂದ ನೋಡಿದರು. ವೇದಿಕೆಯ ಮೇಲೆ ಶೆನ್ ತಲೆ ಎತ್ತಿರಲಿಲ್ಲ. ಅವನ ಹೆಗಲು ಅಲುಗುತ್ತಿದ್ದದ್ದನ್ನು ಜನ ತಾಯಿಯ ನೆನಪೆಂದುಕೊಂಡರು, ಅದೂ ಪೂರ್ತಿ ತಪ್ಪಲ್ಲ. ಬೂದು ಕೋಟಿನವನು ವೇದವತಿಯ ಸೀರೆಯನ್ನೂ ಮುಖವನ್ನೂ ಒಮ್ಮೆ ನೋಡಿ, ಪುಸ್ತಕದಲ್ಲಿ ಚಿಕ್ಕದಾಗಿ ಏನೋ ಬರೆದು, ಧನ್ಯವಾದ ಹೇಳಿ ಕೂತ. ಮುಂದಿನ ಪ್ರಶ್ನೆ ಕ್ಯಾಮೆರಾದ ಬಗ್ಗೆ ಬಂತು.

ಆ ಹಾಲ್‌ನಲ್ಲಿ ಕೂತವರಲ್ಲಿ ಸಿನಿಮಾ ತೆಗೆಯುವವರು ಹತ್ತಾರು ಜನರಿದ್ದರು. ತಮ್ಮ ಅಸಲು ನೆಗೆಟಿವ್ ಯಾರ ಕೈಗೆ ಕೊಡಬಾರದು ಎಂದು ಅವರಿಗೆಲ್ಲ ಆ ಸಂಜೆ ತಿಳಿಯಿತು. ಸೋಮವಾರವೇ ಒಬ್ಬ ಗಿರಾಕಿ ಬಂದು ತನ್ನ ಡಬ್ಬಗಳನ್ನು ವಾಪಸ್ಸು ತೆಗೆದುಕೊಂಡು ಹೋದ. ವೇದವತಿಗೆ ಬೇಸರವಾಗಲಿಲ್ಲ ಎಂದು ನಾನು ಬರೆದರೆ ಯಾರೂ ನಂಬಬೇಡಿ. ಅವಳು ಮಧ್ಯಾಹ್ನದ ಚಿತ್ರಾನ್ನದ ಡಬ್ಬಿಯನ್ನು ತೆರೆಯಲೇ ಇಲ್ಲ.

ಡೊರೊತಿ ಅವಳನ್ನು ಆಫೀಸಿಗೆ ಕರೆದಳು.

"ಹಾಲ್ ತುಂಬ ಜನರ ಮುಂದೆ, ನನ್ನ ಲ್ಯಾಬಿನಲ್ಲಿ ನೆಗೆಟಿವ್ ಕೆಡಿಸಿದೆ ಅಂದೆಯಂತೆ."

"ಹೌದು."

"ಕಪ್ಪು ತನಗೇ ಬೇಕು ಅಂತ ಶೆನ್ ಹೇಳಿದ್ದ."

"ನನ್ನ ಮರ್ಯಾದೆ ಉಳಿಸೋಕೆ ಹಾಗಂದ್ರು."

ಮೂವತ್ತು ವರ್ಷ ತಾನೂ ನೆಗೆಟಿವ್ ಕತ್ತರಿಸಿದವಳು ಡೊರೊತಿ. ಒಳಗೆ ಹೋಗಿ ಎರಡನೆಯ ರೀಲನ್ನು ತಂದು, ಕಪ್ಪು ಶುರುವಾಗುವ ಜಾಗವನ್ನು ಕನ್ನಡಕ ಹಣೆಗೇರಿಸಿ ಹತ್ತಿರದಿಂದ ನೋಡಿದಳು. ಕತ್ತರಿಸಿದ ಗೆರೆ ನೇರವಾಗಿತ್ತು. ಉಳಿದ ಇಪ್ಪತ್ತನಾಲ್ಕು ಫ್ರೇಮಿನ ಮೇಲೆ ಒಂದು ಗೀರಿರಲಿಲ್ಲ, ಬೆರಳ ಗುರುತಿರಲಿಲ್ಲ. ಕೈ ತಪ್ಪಿದವರ ಕೆಲಸ ಹಾಗಿರುವುದಿಲ್ಲ. ಅವಳು ವೇದವತಿಯ ಮುಖವನ್ನು ಬಹಳ ಹೊತ್ತು ನೋಡಿದಳು.

"ಕೆಡಿಸಿದ್ದು ನಿಜವಾ?"

"ನಿಜ," ವೇದವತಿ ಹೇಳಿದಳು.

"ಸರಿ. ಹಾಗಾದ್ರೆ ಡ್ಯಾಮೇಜ್ ಬುಕ್ಕಿನಲ್ಲಿ ಬರಿ," ಎಂದು ಡೊರೊತಿ ಕಪಾಟಿನಿಂದ ಒಂದು ಹಳೆಯ ರಿಜಿಸ್ಟರು ತೆಗೆದು ಮೇಜಿನ ಮೇಲಿಟ್ಟು, ಕಿಟಕಿಯ ಕಡೆ ತಿರುಗಿ ನಿಂತಳು.

ಆ ರಿಜಿಸ್ಟರಿನಲ್ಲಿ ಪ್ರತಿ ಕಟ್ಟರಿಗೂ ಒಂದು ಪುಟ ಇತ್ತು. ವೇದವತಿ ತನ್ನ ಪುಟ ತೆರೆದು ತಾರೀಕು ಹಾಕಿದಳು. ಸಿನಿಮಾದ ಹೆಸರು ಬರೆದಳು. ಎರಡನೆಯ ರೀಲು, ಎಪ್ಪತ್ತೆರಡು ಫ್ರೇಮು, ಪೂರ್ತಿ ನಾಶ. ಕಾರಣ: ಕಟ್ಟರಿನ ಅಜಾಗರೂಕತೆ. ಕೆಳಗೆ ಸಹಿ ಮಾಡಿದಳು. ಮುಂದೆ ಅವಳು ಅಲ್ಲಿ ಇನ್ನೂ ಹದಿನಾಲ್ಕು ವರ್ಷ ಕೆಲಸ ಮಾಡಿದಳು. ಅವಳ ಪುಟದಲ್ಲಿ ಇದ್ದದ್ದು ಅದೊಂದೇ ಸಾಲು.